ಉದ್ದ ಹಾಡಿನ ಬಾಲ

ಊರಿನ ಕಿವಿಗಳೆಲ್ಲ ಇನ್ನೂ ಒಟ್ಟಿಗೆ ಕೇಳುತ್ತಿದ್ದ ಕಾಲದಲ್ಲಿ, ಸೈಕಲ್ ಅಂಗಡಿಯ ಮಹಡಿಯ ಮೇಲೆ ರಾಕ್ ಹಾಡುಗಳ ಒಂದು ರೇಡಿಯೋ ಕೇಂದ್ರ ಇತ್ತಂತೆ. ಅದಕ್ಕೊಬ್ಬ ರಾಜ. ಅವನ ಸಿಂಹಾಸನಕ್ಕೆ ಒಂದು ಗಾಲಿ ಇರಲಿಲ್ಲ, ಅರಮನೆಯ ಗೋಡೆಗೆಲ್ಲ ಸದ್ದು ತಡೆಯಲು ಮೊಟ್ಟೆ ಟ್ರೇ ಅಂಟಿಸಿತ್ತು. ಆದರೆ ಅವನು ಮೈಕಿನ ಮುಂದೆ ಬಾಯಿ ತೆರೆದನೆಂದರೆ ಕೆಳಗೆ ಪಂಕ್ಚರ್ ಹಾಕುವವನ ಕೈಯಿಂದ ಟ್ಯೂಬು ಜಾರುತ್ತಿತ್ತು. ಊರವರು ಅವನನ್ನು ಗುಡುಗು ಎಂದೇ ಕರೆದರು. ಈ ಗುಡುಗು ಹೆಂಡತಿಯ ಅಣ್ಣನಿಗೆ ಒಂದು ಮಾತು ಕೊಟ್ಟಿದ್ದ. ಅದನ್ನು ಉಳಿಸಿಕೊಳ್ಳಲು ಈಗ ಒಂದೇ ಒಂದು ಹಾಡಿನಷ್ಟು ಹೊತ್ತು ಬಾಕಿಯಿತ್ತು. ಇಂದು ಸಂಜೆ ಆರಕ್ಕೆ ರೇಡಿಯೋ ಬೇರೆಯವರ ಪಾಲು. ನಾಳೆಯಿಂದ ಅದರಲ್ಲಿ ಬರೀ ಆರೋಗ್ಯ ಸಲಹೆ.

"ಹಾಕಪ್ಪಾ, ನೋಡೋಣ" ಎಂದು ಭಾವ ಎದುರಿನ ಸ್ಟೂಲಿನ ಮೇಲೆ ಕೈಕಟ್ಟಿ ಕೂತ.

ಭಾವ ಡ್ರಮ್ಸ್ ಬಾರಿಸುವವ. ಅವನ ತಂಡ ಹುಟ್ಟಿ ಸಾಯುವುದರೊಳಗೆ ಮಾಡಿದ್ದು ಒಂದೇ ಹಾಡು, ಅದೂ ಗೂಡ್ಸ್ ರೈಲಿನಷ್ಟು ಉದ್ದ. ರೇಡಿಯೋದಲ್ಲಿ ಒಬ್ಬನೇ ಕೂತು ಪಾಳಿ ನಡೆಸುವವನಿಗೆ ಅಂಥ ಹಾಡೆಂದರೆ ಪ್ರಾಣ. ಅದನ್ನು ಹಚ್ಚಿಟ್ಟು ನೆಮ್ಮದಿಯಾಗಿ ಶೌಚಾಲಯಕ್ಕೆ ಹೋಗಿಬರಬಹುದು. ಹೀಗಾಗಿ ರೇಡಿಯೋದ ಚರಿತ್ರೆಯೆಲ್ಲ ಆ ಹಾಡಿನೊಳಗೇ ನಡೆದುಹೋಯಿತು. ಅದು ಓಡುತ್ತಿದ್ದಾಗಲೇ ಹಾಸಿಗೆ ಅಂಗಡಿಯವನು ಏದುಸಿರು ಬಿಡುತ್ತಾ ಮೆಟ್ಟಿಲು ಹತ್ತಿ ಬಂದು ಮೊದಲ ಜಾಹೀರಾತು ಕೊಟ್ಟ. ಅದು ಓಡುತ್ತಿದ್ದಾಗಲೇ ಮೊದಲ ಯಜಮಾನ ಎರಡನೆಯವನಿಗೆ ಬೀಗದ ಕೈ ಒಪ್ಪಿಸಿದ. ಶೌಚಾಲಯದಿಂದ ವಾಪಸು ಬರುವ ಕಾರಿಡಾರಿನಲ್ಲೇ ಗುಡುಗು, ಜಾಹೀರಾತು ನೋಡಿಕೊಳ್ಳುತ್ತಿದ್ದ ಹುಡುಗಿಯನ್ನು ತಡೆದು "ನನ್ನನ್ನ ಮದುವೆ ಆಗ್ತೀರಾ?" ಎಂದದ್ದು. "ಮೊದಲು ಕೈ ಒರೆಸ್ಕೊಳ್ಳಿ" ಎಂದಿದ್ದಳು ಅವಳು.

ಮದುವೆ ಊಟದಲ್ಲಿ ಭಾವ ಕೇಳಿದ್ದ: "ನಮ್ಮ ಹಾಡಿನ ಕೊನೆ ಹೇಗಿದೆ?" ಗುಡುಗು ಆ ಕೊನೆಯನ್ನು ಒಮ್ಮೆಯೂ ಕೇಳಿರಲಿಲ್ಲ. "ಅದು... ಮುಗಿಯುತ್ತೆ, ಭಾವ." ಭಾವ ತಟ್ಟೆ ಬಿಟ್ಟು ಎದ್ದ. "ಪೂರ್ತಿ ಕೇಳೋವರೆಗೂ ನೀನು ಕೊಟ್ಟ ನೀರೂ ಮುಟ್ಟಲ್ಲ ನಾನು!" "ಕೇಳ್ತೀನಿ ಭಾವ, ನನ್ನಾಣೆ!" ಅಂದಿನಿಂದ ಭಾವ ತಂಗಿಯ ಮನೆಗೆ ಬಂದರೂ ಬಗಲಲ್ಲಿ ಸ್ವಂತ ನೀರಿನ ಬಾಟಲಿ. ಒಮ್ಮೆ ಮಾತ್ರ, ಸದ್ದು ಶುದ್ಧ ಮಾಡಿಸಿದ್ದೀನಿ ಎಂದು ಹಾಡಿನ ಹೊಸ ಪ್ರತಿ ತಂದುಕೊಟ್ಟಿದ್ದ. ಗುಡುಗು ಅದನ್ನು ಹಚ್ಚಿದ, ಎಂದಿನಂತೆ ಎದ್ದುಹೋದ. ಪ್ರತಿ ಸಲವೂ ಅವನು ಬರುವಷ್ಟರಲ್ಲಿ ಹಾಡಿನ ಬೆನ್ನಿಗೆ ಕಟ್ಟಿಟ್ಟ ಹಾಸಿಗೆಯ ಜಾಹೀರಾತು ಶುರುವಾಗಿರುತ್ತಿತ್ತು. ವರ್ಷಗಳು ಹೀಗೇ ಉರುಳಿದವು. ಗುಡುಗಿಗೆ ಅರ್ಥವಾಗದ ಸಂಗತಿ ಇನ್ನೊಂದಿತ್ತು. ಕ್ಷೌರದಂಗಡಿಯವನಿಂದ ಬಸ್ ಕಂಡಕ್ಟರನವರೆಗೆ ಕಂಡವರೆಲ್ಲ, ಹೇಗಿದ್ದೀರಿ ಎನ್ನುವ ಬದಲು, "ಕೈ ತೊಳ್ಕೊಂಡ್ರಾ ಸಾರ್?" ಎನ್ನುತ್ತಿದ್ದರು. ಎಂಥಾ ಶುಚಿಯಾದ ಊರಪ್ಪಾ ಎಂದು ಅವನು ಹೆಮ್ಮೆಯಿಂದ ತಲೆಯಾಡಿಸುತ್ತಿದ್ದ.

ಈಗ ಹಾಡು ಹಚ್ಚಿದ. ಇಷ್ಟು ವರ್ಷದ ಅಭ್ಯಾಸ ಸುಮ್ಮನಿರುತ್ತದೆಯೇ? ಗಿಟಾರಿನ ಮೊದಲ ತಂತಿ ಮಿಡಿದದ್ದೇ ತಡ, ಅವನ ಕಿಬ್ಬೊಟ್ಟೆಯಲ್ಲಿ ಗಂಟೆ ಹೊಡೆಯಿತು. ಮೇಜಿನ ಮೇಲೆ ಹೆಂಡತಿ ಇಟ್ಟುಹೋಗಿದ್ದ ನೀರಿನ ಲೋಟ ಅವನನ್ನೇ ನೋಡಿ ತುಳುಕಿತು.

"ಭಾವ, ಒಂದೇ ನಿಮಿಷ..."

"ಕೂತ್ಕೋ."

"ಅರ್ಜೆಂಟು ಭಾವ!"

"ಹಾಡೂ ಅರ್ಜೆಂಟೇ. ಆರಾಗ್ತಾ ಬಂತು."

"ತಡ್ಕೊಳ್ರೀ" ಎಂದಳು ಬಾಗಿಲಿಗೆ ಅಡ್ಡ ನಿಂತಿದ್ದ ಹೆಂಡತಿ. "ಇವತ್ತು ಎದ್ರಿ ಅಂದ್ರೆ ನಮ್ಮಣ್ಣ ಬಾಟಲಿ ಹೊತ್ಕೊಂಡೇ ಮುದುಕ ಆಗ್ತಾನೆ." ಹೊಸ ಯಜಮಾನನ ಕಡೆಯವನು ಬೋರ್ಡು ಹೊತ್ತು ಬಂದು "ಮೇಡಂ, ಒಂದು ಸಹಿ..." ಎಂದ. "ಹಾಡು ಮುಗೀಲಿ" ಎಂದು ಅವನನ್ನು ಮೆಟ್ಟಿಲ ಮೇಲೆ ಕೂರಿಸಿದಳು. ಗುಡುಗು ಕಾಲಿನ ಮೇಲೆ ಕಾಲು ಹಾಕಿದ, ತೆಗೆದ, ಮತ್ತೆ ಹಾಕಿದ. ಒಂದು ಗಾಲಿಯಿಲ್ಲದ ಕುರ್ಚಿ ತಾಳ ತಪ್ಪಿ ಕುಟುಕುಟು ಎಂದಿತು.

ಆಗ ಡ್ರಮ್ಸ್ ಬಂತು. ಮೊದಲು ದೂರದಲ್ಲೆಲ್ಲೋ, ಆಮೇಲೆ ಹತ್ತಿರ, ಯಾರೋ ಒಬ್ಬನೇ ಊರಿನ ಮುಚ್ಚಿದ ಬಾಗಿಲುಗಳನ್ನೆಲ್ಲ ತಟ್ಟುತ್ತಾ ನಗುತ್ತಾ ಓಡಿಬಂದ ಹಾಗೆ. ಗುಡುಗಿನ ಕಾಲು ತಾನಾಗಿಯೇ ನಿಂತಿತು. ಹೊಟ್ಟೆಯೊಳಗಿನ ಗಂಟೆಯೂ ಬಾಯಿ ಮುಚ್ಚಿಕೊಂಡು ಕೇಳಿತು.

"ಇದು ಇಷ್ಟು ಚೆನ್ನಾಗಿತ್ತಾ, ಭಾವ?"

ಭಾವ ಕಿಟಕಿಯ ಕಡೆ ಮುಖ ತಿರುಗಿಸಿದ.

ಡ್ರಮ್ಸ್ ನಿಂತಿತು. ಈ ದಿನ ಹಾಸಿಗೆಯ ಜಾಹೀರಾತೂ ಇಲ್ಲ. ಬಾಯಿಪಾಠ ಮಾಡಿಟ್ಟುಕೊಂಡಿದ್ದ ವಿದಾಯದ ಭಾಷಣಕ್ಕೆಂದು ಗುಡುಗು ಮೈಕಿನ ಗುಂಡಿ ಒತ್ತಿದ, ಕೆಂಪು ದೀಪ ಹತ್ತಿತು. ಅಷ್ಟರಲ್ಲಿ ಸ್ಪೀಕರಿನಲ್ಲಿ ಬಾಗಿಲೊಂದು ಕಿರ್ರೆಂದಿತು. ಮುಗಿಯಿತೆಂದುಕೊಂಡ ಹಾಡಿಗೆ ಇನ್ನೂ ಬಾಲವಿತ್ತು. ಭಾವನದೇ ದನಿ, ಆದರೆ ಆ ಹೊಸ ಪ್ರತಿ ತಂದುಕೊಟ್ಟ ಕಾಲದ ಹರೆಯದ ದನಿ:

"ಬಂದ್ಯೇನೋ ಗುಡುಗು? ಕೈ ತೊಳ್ಕೊಂಡ್ಯಾ?"

ಕ್ಷೌರದಂಗಡಿಯವನು, ಕಂಡಕ್ಟರು, ಊರಿಗೆ ಊರೇ ಅವನ ಕಣ್ಣ ಮುಂದೆ ಸಾಲುಗಟ್ಟಿ ಹಾದುಹೋಯಿತು. ಬಾಗಿಲಲ್ಲಿ ಹೆಂಡತಿ ಅಂಗೈಯಿಂದ ಬಾಯಿ ಮುಚ್ಚಿಕೊಂಡಿದ್ದಳು. ಭಾಷಣದ ಒಂದಕ್ಷರವೂ ನೆನಪಾಗಲಿಲ್ಲ. ಗುಡುಗು ಮೈಕಿಗೆ ಬಾಗಿ, ಜೀವಮಾನದಲ್ಲಿ ಮೊದಲ ಸಲ ಮೆಲ್ಲಗೆ ಹೇಳಿದ:

"ಇಲ್ಲ ಭಾವ. ಇನ್ನೂ ಹೋಗೇ ಇಲ್ಲ."

ಕೆಳಗಿನ ಸೈಕಲ್ ಅಂಗಡಿಯಿಂದ ನಗು ಮೆಟ್ಟಿಲು ಹತ್ತಿ ಬಂತು. ಗುಡುಗು ಎರಡು ಬೆರಳಿನಿಂದ ನೀರಿನ ಲೋಟವನ್ನು ಮೇಜಿನ ಆಚೆ ತುದಿಗೆ ತಳ್ಳಿದ. ಭಾವ ತನ್ನ ಬಾಟಲಿ ಕೆಳಗಿಟ್ಟು, ಲೋಟ ಎತ್ತಿ, ಒಂದು ಹನಿಯೂ ಉಳಿಸದೆ ಕುಡಿದ.