ಹಿಂದಿನ ಜಗುಲಿಯ ಡಬ್ಬ

ವರ್ನೆಲ್ ಮೂರನೆಯ ಬಿಲ್ಲೆಯನ್ನು ಕಚ್ಚಿದಾಗ ಕರುಂ ಎಂದ ಸದ್ದು ಒಲೆಯ ಮುಂದಿದ್ದ ಸೊಸೆ ಕರಿನ್‌ಗೂ ಕೇಳಿಸಿತು. ಅವಳ ಜೀವ ಹಿಗ್ಗಿತು. ಮಿನೆಸೋಟದಿಂದ ಅಲಬಾಮದ ಈ ಮನೆಗೆ ಬಂದ ಮೇಲೆ ಅವಳು ಕರಿದ ಟೊಮೇಟೊ ಕಾಯಿ ಒಮ್ಮೆಯೂ ಗರಿಗರಿಯಾಗಿರಲಿಲ್ಲ. ಪ್ರತಿ ಸಲವೂ ಹೊದಿಕೆ ಒಂದು ಕಡೆ, ಕಾಯಿ ಒಂದು ಕಡೆ. ಇವತ್ತು ಪಟ್ಟು ಹಿಡಿದು ಬಿಲ್ಲೆಗಳಿಗೆ ಉಪ್ಪು ಸವರಿ ನೀರು ಬಿಡಿಸಿದ್ದಳು, ಬಟ್ಟೆಯಲ್ಲಿ ಒತ್ತಿ ಒರೆಸಿದ್ದಳು. ಮೈದಾದಲ್ಲಿ ಹೊರಳಿಸಿ, ಮಜ್ಜಿಗೆಯಲ್ಲಿ ಅದ್ದಿ, ಮೆಕ್ಕೆಜೋಳದ ರವೆ ಮೆತ್ತಿ, ಅತ್ತೆಯ ಕಬ್ಬಿಣದ ಬಾಣಲೆಯಲ್ಲೇ ಕರಿದಿದ್ದಳು.

"ಪರವಾಗಿಲ್ಲ ಕಣೇ," ಎಂದಳು ವರ್ನೆಲ್. ಆ ಬಾಯಿಂದ ಅಷ್ಟು ಬಂದದ್ದೇ ಹೆಚ್ಚು. "ಆದ್ರೆ ನಾಲಿಗೆ ಮೇಲೆ ಏನೋ ಒಂಥರಾ ಕಹಿ. ಕಾಯಿ ಹುಳಿಯಲ್ಲ ಇದು. ಮೈದಾ ಎಲ್ಲಿ ಸಿಕ್ತು ನಿಂಗೆ? ನಿನ್ನೇನೇ ಮುಗ್ದಿತ್ತಲ್ಲ."

"ಹಿಂದಿನ ಜಗುಲಿ ಕಪಾಟಲ್ಲಿ ಹಳೇ ಮೈದಾ ಡಬ್ಬ ಇತ್ತಲ್ಲ ಮಿಸ್ ವರ್ನೆಲ್, ಅದರ ತಳದಲ್ಲಿ," ಎಂದಳು ಕರಿನ್. ಆ ಕಡೆ ಹಿರಿಯ ಹೆಂಗಸರನ್ನೆಲ್ಲ 'ಮಿಸ್' ಎಂದೇ ಕರೆಯುವುದು.

ವರ್ನೆಲ್ ಅಗಿಯುವುದನ್ನು ನಿಲ್ಲಿಸಿದಳು. ಬಾಯಲ್ಲಿದ್ದುದನ್ನು ಅಂಗೈಗೆ ಉಗಿದಳು.

ಆ ಊರಿನಲ್ಲಿ ಯಾರೂ ಡಬ್ಬ ಎಸೆಯುವುದಿಲ್ಲ. ಬಿಸ್ಕತ್ತಿನ ಡಬ್ಬದಲ್ಲಿ ಸೂಜಿ ದಾರ ಇರುತ್ತದೆ, ಬೆಣ್ಣೆಯ ಡಬ್ಬದಲ್ಲಿ ಮಿಕ್ಕ ಹುರುಳಿಕಾಯಿ ಇರುತ್ತದೆ. ಅಲ್ಲೇ ಹುಟ್ಟಿ ಬೆಳೆದವರು ಮುಚ್ಚಳ ತೆಗೆದು ಮೂಸದೆ ಯಾವುದನ್ನೂ ನಂಬುವುದಿಲ್ಲ. ಕರಿನ್ ಪಾಪ, ಡಬ್ಬದ ಮೇಲೆ ಬರೆದದ್ದನ್ನು ನಂಬುವ ಊರಿನವಳು.

"ಅದು ಹುಳ ಸಾಯ್ಸೋ ವಿಷದ ಪುಡಿ ಕಣೇ," ಎಂದಳು ವರ್ನೆಲ್ ಮೆಲ್ಲಗೆ. "ಹಳೇ ಕಾಲುಚೀಲಕ್ಕೆ ತುಂಬಿ ಹುರುಳಿಕಾಯಿ ಗಿಡದ ಮೇಲೆ ಉದುರಿಸ್ತೀನಲ್ಲ, ಅದು."

ಮಾತುಮಾತಿಗೂ ರೇಗುವ ಅತ್ತೆ ಹೀಗೆ ಮೆಲ್ಲಗೆ ಮಾತಾಡಿದ್ದು ಕೇಳಿ ಕರಿನ್‌ಳ ಸಂಶಯವೆಲ್ಲ ತೀರಿತು. ಒಲೆ ಆರಿಸಿ ಫೋನಿಗೆ ಕೈ ಹಾಕಿದಳು. ತುರ್ತು ಸಹಾಯದ ನಂಬರು ಎರಡು ಸಲ ತಪ್ಪಿತು. ಆ ಕಡೆಯ ಹೆಂಗಸು ವಾಂತಿ ಮಾಡಿಸಬೇಡಿ, ಡಬ್ಬ ತೆಗೆದಿಡಿ, ಆಂಬುಲೆನ್ಸ್ ಹೊರಟಿದೆ ಎಂದಳು. "ಮನೇಲಿ ಬೇರೆ ಯಾರಾದ್ರೂ ತಿಂದಿದಾರಾ?"

"ಇಲ್ಲ. ಅವ್ರು ಒಬ್ರೇ."

ಹಾಗೆ ಹೇಳಿದ ಮೇಲೆ ಆ ಮಾತು ಎಷ್ಟು ಕೆಟ್ಟದಾಗಿ ಕೇಳಿಸುತ್ತದೆಂದು ಅವಳಿಗೇ ಹೊಳೆಯಿತು. ಹೋದ ಭಾನುವಾರ ಚರ್ಚಿನ ಊಟದಲ್ಲಿ ವರ್ನೆಲ್ ಇವಳು ಕರಿದ ಬಿಲ್ಲೆಗಳ ತಟ್ಟೆಯನ್ನು ಎಲ್ಲರಿಗೂ ತೋರಿಸಿ, "ಪಾಪ, ದೇವ್ರು ಇವಳನ್ನ ಚೆನ್ನಾಗಿಟ್ಟಿರ್ಲಿ," ಎಂದಿದ್ದಳು. ಆ ಊರಲ್ಲಿ ಅದಕ್ಕಿಂತ ಸಿಹಿಯಾದ ಬೈಗುಳ ಇಲ್ಲ. ಕರಿನ್ ಕೆಂಪಾಗಿ, "ಒಂದಿನ ನನ್ನ ಕೈಯಡುಗೆ ತಿಂದು ನಿಮ್ಮ ಬಾಯಿ ಶಾಶ್ವತವಾಗಿ ಮುಚ್ಚುತ್ತೆ, ನೋಡ್ತಿರಿ," ಎಂದುಬಿಟ್ಟಿದ್ದಳು. ಚರ್ಚಿನಲ್ಲಿ ಹಾಡುವ ಹೆಂಗಸರೆಲ್ಲ ಕಿವಿಯಾರೆ ಕೇಳಿದ್ದರು. ಈಗ ಇವರು ಸತ್ತರೆ? ಸಮುದ್ರದ ತೈಲಬಾವಿಯಲ್ಲಿ ಕೆಲಸಕ್ಕಿರುವ ಗಂಡನಾದರೂ ನಂಬುತ್ತಾನೆಯೆ? ಅತ್ತೆ ಸಾಯುತ್ತಿರುವಾಗ ತನ್ನ ಬಗ್ಗೆ ಯೋಚಿಸುತ್ತಿದ್ದೇನಲ್ಲ ಎಂದು ನಾಚಿಕೆಯಾಯಿತು. ಹೆದರಿಕೆ ಮಾತ್ರ ಕಡಿಮೆಯಾಗಲಿಲ್ಲ.

ವರ್ನೆಲ್‌ಳ ಹಣೆಯಲ್ಲಿ ಬೆವರು ಒಡೆಯಿತು. ಬಾಯಿಯ ಅಂಚಿನಿಂದ ಜೊಲ್ಲು ಇಳಿಯತೊಡಗಿತು. ಹೊಟ್ಟೆ ಹಿಡಿದುಕೊಂಡು ಮೇಜಿನ ಮೇಲೆ ಬಾಗಿದಳು.

"ನೀನ್ಯಾಕೆ ತಿನ್ಲಿಲ್ಲ?" ಎಂದು ಕೇಳಿದಳು.

"ನೀವು ಮೊದ್ಲು ತಿನ್ಲಿ ಅಂತ... ಚೆನ್ನಾಗಿದೆ ಅಂತೀರೇನೋ ಅಂತ." ಕರಿನ್ ಅವಳ ಪಕ್ಕ ಮಂಡಿಯೂರಿದಳು. "ಬೇಕೂಂತ ಮಾಡ್ಲಿಲ್ಲ ಮಿಸ್ ವರ್ನೆಲ್. ದೇವರಾಣೆ."

ವರ್ನೆಲ್ ಅವಳ ಮುಖವನ್ನೇ ನೋಡಿದಳು. ನಂಬುತ್ತೇನೆ ಎನ್ನಲಿಲ್ಲ, ನಂಬುವುದಿಲ್ಲ ಎಂದೂ ಅನ್ನಲಿಲ್ಲ. ಆ ನೋಟ ಕರಿನ್‌ಗೆ ಹತ್ತಿರವಾಗುತ್ತಿದ್ದ ಆಂಬುಲೆನ್ಸಿನ ಸೈರನ್ನಿಗಿಂತ ಹೆಚ್ಚು ಭಯ ಹುಟ್ಟಿಸಿತು.

ಆಂಬುಲೆನ್ಸಿನಿಂದ ಇಳಿದು ಒಳಗೆ ಬಂದವನು ಹಾರ್ಲನ್. ಅವನ ತಾಯಿ ಚರ್ಚಿನಲ್ಲಿ ಹಾಡುತ್ತಾಳೆ. ಆ ಭಾನುವಾರ ಊಟ ಬಡಿಸಿದವನೂ ಅವನೇ, ಕರಿನ್ ಆಡಿದ ಮಾತು ಅವನ ಕಿವಿಗೂ ಬಿದ್ದಿತ್ತು. ಮುದುಕಿಯ ಮುಖಕ್ಕೆ ಆಮ್ಲಜನಕದ ಮಾಸ್ಕ್ ಹಾಕಿದ, ಕಣ್ಣಿಗೆ ಬೆಳಕು ಬಿಟ್ಟು ಪಾಪೆ ನೋಡಿದ, ಮಲಗಿಸಿ ಪಟ್ಟಿ ಬಿಗಿದ. ಆಮೇಲೆ ತಟ್ಟೆಯನ್ನು ನೋಡಿದ, ಡಬ್ಬವನ್ನು ನೋಡಿದ.

"ಇದನ್ನ ಕರಿದೋರು ಯಾರು?"

ಕರಿನ್ ಬಾಯಿ ತೆರೆದಳು. ಅಷ್ಟರಲ್ಲಿ ವರ್ನೆಲ್ ಮುಖದ ಮಾಸ್ಕನ್ನು ಸರಿಸಿದಳು.

"ಯಾರು ಅಂತ ಕೇಳ್ತೀಯಲ್ಲೋ ಹಾರ್ಲನ್! ನನ್ನ ಬಾಣಲೆ ಮುಟ್ಟೋ ಧೈರ್ಯ ಈ ಮನೇಲಿ ಯಾರಿಗಿದೆ? ನಾನೇ. ಕಣ್ಣು ಕಾಣ್ಸೋದಿಲ್ಲ ಈಚೆಗೆ. ನಡಿ ಈಗ."

ಹಾರ್ಲನ್ ನಿಧಾನವಾಗಿ ಸೊಸೆಯ ಕಡೆ ತಿರುಗಿದ. ಕರಿನ್ ಹಿಟ್ಟು ಮೆತ್ತಿದ್ದ ಎರಡೂ ಕೈಗಳನ್ನು ಬೆನ್ನ ಹಿಂದಕ್ಕೆ ಸರಿಸಿದಳು.