ಕೇಂದ್ರದಿಂದ ಬಂದ ಸಾಹೇಬರು

ಪೊಲೀಸ್ ಮುಖ್ಯಸ್ಥರ ಮೇಜಿನ ಡ್ರಾಯರ್ ಅರ್ಧ ತೆರೆದಿತ್ತು. ಒಳಗೆ ಏನೂ ಇರಲಿಲ್ಲ. ಏನೂ ಇಲ್ಲದ ಡ್ರಾಯರನ್ನು ಯಾರಾದರೂ ಸುಮ್ಮನೆ ತೆರೆದಿಡುತ್ತಾರೆಯೇ? ಅದರಲ್ಲೆಲ್ಲೋ ಕ್ಯಾಮೆರಾ ಇದೆ ಎಂದುಕೊಂಡ ಅಧ್ಯಕ್ಷರು ಕೋಟಿನ ಒಳಜೇಬಿನ ಕವರನ್ನು ಮೊಣಕೈಯಿಂದ ಒತ್ತಿ ಹಿಡಿದರು.

ಅವರು ನಗರಸಭೆಯ ಅಧ್ಯಕ್ಷರು. ಗೋಡೆಯ ಆಚೆ, ಲಾಕಪ್ಪಿನಲ್ಲಿ, ಅವರ ಹೆಂಡತಿಯ ತಮ್ಮ ಕೂತಿದ್ದ. ಹಿಂದಿನ ರಾತ್ರಿ ಕುಡಿದು ಕಾರು ಓಡಿಸಿ, ರಸ್ತೆ ಬದಿಯಲ್ಲಿ ಪಂಕ್ಚರ್ ಹಾಕುತ್ತಿದ್ದವನ ಎರಡೂ ಕಾಲು ಮುರಿದಿದ್ದ. ಮುರಿದ ಕಾಲಿನ ಬಗ್ಗೆ ಅಧ್ಯಕ್ಷರ ಮನೆಯಲ್ಲಿ ಯಾರೂ ಮಾತಾಡಲಿಲ್ಲ. ಒಡೆದ ಹೆಡ್‌ಲೈಟಿನ ಬಗ್ಗೆ ಮಾತಾಡಿದರು. ಪುಟ್ಟನನ್ನು ಕರೆದುಕೊಂಡು ಬರದಿದ್ದರೆ ಈ ಹೊಸ್ತಿಲು ತುಳಿಯಬೇಡಿ, ನಾನು ತವರಿಗೆ ಹೊರಟೆ ಎಂದು ಹೆಂಡತಿ ಹೇಳಿ ಕಳಿಸಿದ್ದಳು. ಪುಟ್ಟನಿಗೆ ತಲೆ ಅರ್ಧ ನರೆತಿತ್ತು.

ಹಳೆಯ ಮುಖ್ಯಸ್ಥರ ಕಾಲದಲ್ಲಾಗಿದ್ದರೆ ಇದು ಒಂದು ಲೋಟ ಕಾಫಿಯಷ್ಟು ಹೊತ್ತಿನ ಕೆಲಸ. ಆ ಪುಣ್ಯಾತ್ಮ ಎಲ್ಲಕ್ಕೂ ರೇಟು ಇಟ್ಟಿದ್ದರು, ಚೌಕಾಸಿಗೂ ಒಪ್ಪುತ್ತಿದ್ದರು. ಅವರು ನಿವೃತ್ತರಾದ ಮೇಲೆ ಬಂದವರು ಇವರು. ಕೇಂದ್ರ ತನಿಖಾ ದಳದಲ್ಲಿ ಅರ್ಧ ಆಯುಷ್ಯ ಕಳೆದವರು. ವೇಷ ಮರೆಸಿ ಕಳ್ಳಸಾಗಣೆಯವರ ಜೊತೆ ಉಂಡು ಮಲಗಿ, ಕೊನೆಗೆ ಅವರನ್ನೇ ಕಟ್ಟಿ ತಂದವರು. ಒಬ್ಬ ಮಂತ್ರಿಯನ್ನು ಜೈಲಿಗೆ ಕಳಿಸಿದ ತಂಡದಲ್ಲಿದ್ದವರು. ಅಂಥ ದೊಡ್ಡ ಮನುಷ್ಯ ಅಲ್ಲಿಯ ಕುರ್ಚಿ ಬಿಟ್ಟು ಈ ಮೂಲೆಯ ಊರನ್ನು ಕೇಳಿ ಪಡೆದು ಬಂದದ್ದೇಕೆ?

ಊರಿಗೆ ಉತ್ತರ ತಕ್ಷಣ ಹೊಳೆಯಿತು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವವರೇ ಇಲ್ಲಿ ತುಂಬಿದ್ದರು. ಇವರು ಬಿಟ್ಟು ಬಂದಿಲ್ಲ, ಕಳಿಸಿದ್ದಾರೆ ಎಂದರು. ನಮ್ಮನ್ನು ಹಿಡಿಯುವುದಕ್ಕೇ ಕಳಿಸಿದ್ದಾರೆ.

ಬಂದ ಹೊಸದರಲ್ಲಿ ಈ ಮುಖ್ಯಸ್ಥರು ಗುತ್ತಿಗೆದಾರರ ಮುಖಂಡನನ್ನು ಕರೆಸಿ, ಇಲ್ಲಿಯ ಪದ್ಧತಿ ಏನು ಎಂದು ಕೇಳಿದ್ದರು. ಕಾನೂನೇ ನಮ್ಮ ಪದ್ಧತಿ ಎಂದು ಹೇಳಿ ಆಚೆ ಬಂದ ಮುಖಂಡ, ಠಾಣೆಯ ಮೆಟ್ಟಿಲ ಮೇಲೇ ಕುಸಿದು ಕೂತ. ಅಂದಿನಿಂದ ಊರು ಕೆಟ್ಟಿತು. ಗುಮಾಸ್ತರು ಕೇಳಿದ ದಿನವೇ ಪತ್ರ ಕೊಟ್ಟರು. ಗುತ್ತಿಗೆದಾರರು ಸಿಮೆಂಟಿಗೆ ಸಿಮೆಂಟನ್ನೇ ಬೆರೆಸಿದರು. ರಸ್ತೆಗಳು ಮಳೆಗಾಲ ದಾಟಿದವು. ದಾರಿಬದಿಯ ಅಂಗಡಿಯವರು ಮಾಮೂಲಿ ಕೊಡಲು ಹೋದರೆ ಪೇದೆಗಳು ಓಡಿಹೋಗುತ್ತಿದ್ದರು. ಹೊಟ್ಟೆಗೆ ಹಿಟ್ಟಿಲ್ಲದವನು ಬೇಡಿದಾಗ ಬಾರದ ನ್ಯಾಯ, ತಿಂದು ಕೊಬ್ಬಿದವರು ಹೆದರಿದಾಗ ತಾನಾಗಿ ಬಂತು.

ಈಗ ಮುಖ್ಯಸ್ಥರು ಬಾಗಿಲಲ್ಲಿದ್ದ ಪೇದೆಯನ್ನು ಹೊರಗೆ ಕಳಿಸಿ, ಬಾಗಿಲು ಹಾಕಿಕೊಂಡು ಹೋಗು ಎಂದರು. ಮೊಬೈಲನ್ನು ಆಫ್ ಮಾಡಿ, ಅಧ್ಯಕ್ಷರಿಗೆ ಕಾಣುವ ಹಾಗೆ ಮೇಜಿನ ಮೇಲಿಟ್ಟರು.

“ನಿಮ್ಮ ಬಾಮೈದ ಅಂತೆ.”

“ಹೌದು ಸಾರ್. ಹೆಂಡತಿ ಕಡೆ.”

“ಅಯ್ಯೋ ಪಾಪ. ಮನೆಯಲ್ಲಿ ಬಹಳ ಬೇಜಾರಾಗಿರಬೇಕು. ನೋಡಿ ಅಧ್ಯಕ್ಷರೇ, ನಾನಿನ್ನೂ ಏನೂ ಬರೆದಿಲ್ಲ. ಕಾರು ಯಾರು ಓಡಿಸ್ತಿದ್ರು ಅಂತ ಕತ್ತಲೇಲಿ ಯಾರಿಗೆ ಕಾಣುತ್ತೆ? ಇದನ್ನ ದೊಡ್ಡದು ಮಾಡೋದು, ಚಿಕ್ಕದು ಮಾಡೋದು, ಎಲ್ಲಾ ನಿಮ್ಮ ಕೈಲಿದೆ.”

ಅಧ್ಯಕ್ಷರ ಬೆನ್ನಿನಲ್ಲಿ ಬೆವರು ಇಳಿಯಿತು. ಎಂಥ ನಯ! ಆ ಮಂತ್ರಿಯೂ ಹೀಗೇ ಬಲೆಗೆ ಬಿದ್ದಿರಬೇಕು. ಒಳಗೆ ಬಾಮೈದ ಕೆಮ್ಮಿದ್ದು ಕೇಳಿಸಿತು. ಕವರು ಎದೆಗೆ ಚುಚ್ಚುತ್ತಿತ್ತು. ಒಂದು ಕ್ಷಣ ಕೈ ಕೋಟಿನೊಳಗೆ ಹೋಯಿತು ಕೂಡ. ಮುಖ್ಯಸ್ಥರು ಆ ಕೈಯನ್ನೇ ನೋಡುತ್ತಿದ್ದರು, ರೆಪ್ಪೆ ಬಡಿಯದೆ.

ಕೈ ಕರ್ಚೀಫಿನೊಂದಿಗೆ ಹೊರಬಂತು.

ಅಧ್ಯಕ್ಷರು ಮುಖ ಒರೆಸಿಕೊಂಡು, ಡ್ರಾಯರಿಗೆ ಚೆನ್ನಾಗಿ ಕೇಳಿಸುವ ಹಾಗೆ ಗಂಟಲೆತ್ತಿ, ಕಾನೂನಿನ ಮುಂದೆ ಬಾಮೈದನೂ ಒಂದೇ ಭಿಕ್ಷುಕನೂ ಒಂದೇ ಎಂದರು. ಕುಡಿದಿದ್ದ, ಅವನೇ ಓಡಿಸುತ್ತಿದ್ದ, ಮನೆಯಿಂದ ಹೊರಟಾಗ ನಾನೇ ಕಣ್ಣಾರೆ ಕಂಡಿದ್ದೇನೆ ಎಂದರು. ಬೇಕಾದರೆ ಬರೆದುಕೊಳ್ಳಿ, ಸಹಿ ಮಾಡುತ್ತೇನೆ ಎಂದರು.

ಮುಖ್ಯಸ್ಥರ ಮುಖ ಬಾಡಿತು. ಬೇಟೆ ತಪ್ಪಿತಲ್ಲ, ಅದಕ್ಕೇ, ಎಂದು ಅಧ್ಯಕ್ಷರು ಒಳಗೊಳಗೇ ನಿಟ್ಟುಸಿರುಬಿಟ್ಟರು.

“ಇನ್ನೊಂದು ಸಲ ಯೋಚನೆ ಮಾಡಿ” ಎಂದರು ಮುಖ್ಯಸ್ಥರು. “ಸಂಜೆವರೆಗೂ ನಾನು ಇಲ್ಲೇ ಇರ್ತೀನಿ. ಒಬ್ಬನೇ.”

“ಯೋಚನೆ ಮಾಡೋದೇನಿದೆ ಸಾರ್. ಪೆನ್ನು ಕೊಡಿ.”

ಬಾಮೈದನಿಗೆ ಜೈಲಾಯಿತು. ಕಟಕಟೆಯಲ್ಲಿ ನಿಂತು ಅಧ್ಯಕ್ಷರು ಸಾಕ್ಷಿ ಹೇಳುವಾಗ ಅವನು “ಭಾವಾ” ಎಂದ, ಅಷ್ಟೇ. ಹೆಂಡತಿ ತವರಿಗೆ ಹೋದವಳು ಮರಳಲಿಲ್ಲ. ಪತ್ರಿಕೆಗಳು ಅಧ್ಯಕ್ಷರನ್ನು ಸತ್ಯವಂತ ಎಂದು ಹೊಗಳಿದವು. ಸತ್ಯವಂತರು ಖಾಲಿ ಮನೆಯಲ್ಲಿ ತಾವೇ ಅನ್ನಕ್ಕಿಟ್ಟು, ತಳ ಹತ್ತಿದ್ದನ್ನು ಕೆರೆದು ಉಂಡರು. ಆದರೂ ಬಲೆಗೆ ಬೀಳಲಿಲ್ಲ ಎಂಬ ಸಮಾಧಾನವೊಂದು ಇತ್ತು. ಅದನ್ನೇ ನಂಚಿಕೊಂಡರು.

ಕೆಲವು ತಿಂಗಳಿಗೆ ಮುಖ್ಯಸ್ಥರು ರಾಜೀನಾಮೆ ಕೊಟ್ಟ ಸುದ್ದಿ ಬಂತು. ಬೀಳ್ಕೊಡಲು ಹೋದ ಅಧ್ಯಕ್ಷರಿಗೆ ಅವರು ಸಾಮಾನನ್ನು ರಟ್ಟಿನ ಪೆಟ್ಟಿಗೆಗೆ ತುಂಬುತ್ತಿರುವುದು ಕಂಡಿತು. ಅಂಗಿಯ ಕಾಲರು ಸವೆದು ನೂಲು ಬಿಟ್ಟಿತ್ತು. ಇನ್ನು ಹೆದರಿಕೆ ಏನು ಎಂದು ಅಧ್ಯಕ್ಷರು ಧೈರ್ಯವಾಗಿ ಕೇಳಿಯೇಬಿಟ್ಟರು: ಕೇಂದ್ರಕ್ಕೆ ನಮ್ಮ ಊರಿನ ಬಗ್ಗೆ ಏನೆಂದು ವರದಿ ಬರೆದಿರಿ?

“ಎಂಥ ವರದಿ ರೀ?” ಮುಖ್ಯಸ್ಥರು ಪೆಟ್ಟಿಗೆಯಿಂದ ತಲೆಯೆತ್ತಲೂ ಇಲ್ಲ. “ಅಲ್ಲಿ ಒಂದೊಂದು ಕೇಸಿಗೂ ಹತ್ತು ಜನ ಪಾಲು ಕೇಳೋರು, ಇಲ್ಲಾದ್ರೆ ಎಲ್ಲಾ ನಂಗೊಬ್ಬನಿಗೇ ಅಂತ ಕಂಡೋರ ಕಾಲು ಹಿಡಿದು ಬಂದೆ. ಇಷ್ಟು ದಿನದಲ್ಲಿ ಒಬ್ಬ, ಒಬ್ಬನಾದ್ರೂ ಬಂದು ಕೈ ಬೆಚ್ಚಗೆ ಮಾಡ್ಲಿಲ್ಲ. ನಿಮಗಂತೂ ಬಾಯಿ ಬಿಟ್ಟು ಹೇಳೋದೊಂದು ಬಾಕಿ ಇತ್ತು, ನೀವು ಸಹಿ ಹಾಕಿ ಹೋದ್ರಿ. ಇಂಥ ಪ್ರಾಮಾಣಿಕರ ಊರಲ್ಲಿ ಮನುಷ್ಯ ಬದುಕೋದು ಹೇಗ್ರೀ?”