ಕಾಣದೆ ಹೋದ ಕಾಮೆಂಟು

"ನನ್ನ ಕ್ಷೇತ್ರದಲ್ಲಿ ಸೋರೋ ಅಂಗನವಾಡಿ ಒಂದೂ ಉಳಿದಿಲ್ಲ" ಎಂದು ಶಾಸಕರು ಫೇಸ್‌ಬುಕ್ ಲೈವ್‌ನಲ್ಲಿ ಹೇಳುತ್ತಿದ್ದಂತೆಯೇ ಕೆಳಗೊಂದು ಕಾಮೆಂಟು ಬಂತು. 'ನಮ್ಮೂರಿಂದು ಸೋರುತ್ತೆ ಸಾರ್. ಈ ಸಲ ರೇಷ್ಮೆ ಬೆಳೆ ಬಿಟ್ಟು, ಹುಳು ಸಾಕೋ ಮನೇಲಿ ಮಕ್ಕಳನ್ನ ಕೂರಿಸ್ಕೊಂಡಿದೀವಿ.' ಬರೆದವರು ಆಂಜಿನಮ್ಮ. ಶಾಸಕರ ಪೇಜು ನೋಡಿಕೊಳ್ಳುವ ತನುಜಳಿಗೆ ಅವರು ಸ್ವಂತ ದೊಡ್ಡಮ್ಮ. "ಅದನ್ನ ಬೇಗ ತೆಗಿಯಮ್ಮ" ಎಂದರು ಪಕ್ಕದಲ್ಲಿ ಕೂತಿದ್ದ ಆಪ್ತ ಸಹಾಯಕ ಮೋಹನ್‌ಬಾಬು. ತನುಜ ತೆಗೆದಳು.

ಸ್ವಲ್ಪ ಹೊತ್ತಿಗೆ ಅವಳ ಫೋನು ಬಡಿದುಕೊಂಡಿತು. "ತನೂ, ನಾನು ಬರೆದಿದ್ದು ಕಾಣ್ತಿಲ್ಲ ಕಣಮ್ಮ. ಮುದ್ದೆ ಕಟ್ಟಿದ ಕೈ, ಎಲ್ಲೋ ತಪ್ಪು ಒತ್ತಿಬಿಟ್ಟೆ ಅನ್ಸುತ್ತೆ. ಯುಗಾದಿಗೆ ಬಂದಾಗ ನೀನು ಅಷ್ಟು ಚೆನ್ನಾಗಿ ಕಲಿಸಿಕೊಟ್ಟೆ, ನನ್ನ ತಲೇಲಿ ನಿಲ್ಲಲಿಲ್ಲ ನೋಡು. ಬೈಕೋಬೇಡ."

"ಇಲ್ಲ ದೊಡ್ಡಮ್ಮ, ನೆಟ್‌ವರ್ಕು..." ಎಂದ ತನುಜಳಿಗೆ ಸುಳ್ಳನ್ನು ಪೂರ್ತಿ ಹೇಳಲು ಆಗಲಿಲ್ಲ.

"ಹಂಗಾ? ಬಿಡು, ಇನ್ನೊಂದ್ಸಲ ಬರೀತೀನಿ. ನೀನು ಊಟ ಮಾಡಿದ್ಯಾ? ಹೊತ್ತಿಗೆ ಸರಿಯಾಗಿ ತಿನ್ನು."

ಕಾಮೆಂಟು ಮತ್ತೆ ಬಂತು. ಈ ಸಲ ಕೊನೆಯಲ್ಲಿ ಹೊಸದೊಂದು ಸಾಲು ಸೇರಿತ್ತು: 'ನಮ್ಮ ಹುಡುಗಿ ನಿಮ್ಮ ಆಫೀಸಲ್ಲೇ ಇದಾಳೆ ಸಾರ್. ಸುಳ್ಳು ಹೇಳೋಳಲ್ಲ. ಬೇಕಾದ್ರೆ ಅವಳನ್ನೇ ಕೇಳಿ.'

"ಅದೇ ಮತ್ತೆ ಬಂತಲ್ಲಮ್ಮ" ಎಂದು ಮೋಹನ್‌ಬಾಬು ಪರದೆಯತ್ತ ಬೆರಳು ತೋರಿಸಿದರು. ತನುಜ ಬಲಗೈಯನ್ನು ಮೌಸಿನಿಂದ ತೆಗೆದು, ಯಾರಿಗೂ ಕಾಣದಂತೆ ಮೇಜಿನ ಕೆಳಗೆ ಮಡಿಲಲ್ಲಿ ಇಟ್ಟುಕೊಂಡಳು.